ರಾಜಹಂಸದ ಬಂಧುಗಳು: ಪಕ್ಷಿವರ್ಗೀಕರಣದ ಇತಿಹಾಸದಲ್ಲಿ ಒಂದು ವಿವಾದ

ಪಕ್ಷಿವರ್ಗೀಕರಣದ ಇತಿಹಾಸವನ್ನು ಬರೆಯಹೊರಟವರು ಸಾಮಾನ್ಯವಾಗಿ ಅರಿಸ್ಟಾಟಲನಿಂದ ಆರಂಭಿಸಿ, ಲಿನೇಯಸನನ್ನು ಹಾದು, ಡಾರ್ವಿನ್ನನಲ್ಲಿ ಸ್ವಲ್ಪಕಾಲ ತಂಗಿ, ಇಂದಿನ ಪ್ರಯೋಗಶಾಲೆಗಳಿಗೆ ಬಂದು ಸೇರುವುದು ವಾಡಿಕೆ. ಹಾಗೆ ಬರೆದ ಚರಿತ್ರೆಯಲ್ಲಿ ಹೆಸರುಗಳೂ ಇಸವಿಗಳೂ ದೊರೆಯುತ್ತವೆ. ಆದರೆ ಒಂದು ಪಕ್ಷಿಯು ಇನ್ನೊಂದರ ಬಂಧುವೆಂದು ಹೇಳಲು ಯಾವ ಕಾಲದಲ್ಲಿ ಯಾವ ಸಾಕ್ಷ್ಯವನ್ನು ಸಾಕೆಂದು ಒಪ್ಪಿದರು, ಏಕೆ ಒಪ್ಪಿದರು ಎಂಬುದು ಅಲ್ಲಿ ಸ್ಪಷ್ಟವಾಗುವುದಿಲ್ಲ. ಆದುದರಿಂದ ನಾವು ಈ ಲೇಖನದಲ್ಲಿ ಒಂದೇ ಪಕ್ಷಿಯನ್ನು ಹಿಡಿದು ಅದರ ವಿಷಯವಾಗಿ ನಡೆದ ವಾದವನ್ನು ಆದ್ಯಂತವಾಗಿ ನೋಡಲು ಪ್ರಯತ್ನಿಸಿದ್ದೇವೆ. ಆ ಪಕ್ಷಿ ರಾಜಹಂಸ; ಇಂಗ್ಲಿಷಿನವರು ಫ್ಲೆಮಿಂಗೊ ಎಂದು ಕರೆಯುವುದು ಇದನ್ನೇ.

ಹೆಸರಿನ ವಿಷಯವಾಗಿ ಮೊದಲೇ ಒಂದು ಮಾತು. ಸಂಸ್ಕೃತ ಕಾವ್ಯಗಳ ರಾಜಹಂಸವು ಯಾವ ಪಕ್ಷಿ ಎಂಬುದರಲ್ಲಿ ವಿದ್ವಾಂಸರಿಗೆ ಏಕಾಭಿಪ್ರಾಯವಿಲ್ಲ. ಬಿಳಿಯ ಮೈ, ಕೆಂಪು ಕೊಕ್ಕು, ಕೆಂಪು ಕಾಲು ಎಂದು ಅಮರಕೋಶವು ಕೊಡುವ ಲಕ್ಷಣವು ಫ್ಲೆಮಿಂಗೊವಿಗೂ ಒಂದು ಮಟ್ಟಿಗೆ ಹೊಂದುತ್ತದೆ. ಕನ್ನಡದ ಪಕ್ಷಿಗ್ರಂಥಗಳಲ್ಲಿ ಆ ಹೆಸರು ಇದಕ್ಕೇ ನಿಂತಿದೆ. ಹಂಸವಾದರೋ ಬಾತುಗಳ ಬಳಗಕ್ಕೆ ಸೇರಿದ ಹೆಸರು. ಹೀಗೆ, ಮುಂದೆ ನಾವು ಹೇಳಲಿರುವ ವಿವಾದದಲ್ಲಿ ನಮ್ಮ ಭಾಷೆಯ ಹೆಸರೇ ಒಂದು ಪಕ್ಷವನ್ನು ವಹಿಸಿಬಿಟ್ಟಿದೆ. ಓದುಗರು ಅದನ್ನು ಸಾಕ್ಷ್ಯವೆಂದು ಎಣಿಸಬಾರದು.

ರಾಜಹಂಸದ ರೂಪವೇ ವಿವಾದಕ್ಕೆ ಮೂಲ. ಅದರ ನೀಳವಾದ ಕಾಲುಗಳನ್ನು ನೋಡಿದರೆ ಕೊಕ್ಕರೆಯ ಬಂಧುವೆನ್ನಬೇಕು. ಕಾಲ್ಬೆರಳುಗಳ ನಡುವಣ ಚರ್ಮದ ಜಾಲವನ್ನು ನೋಡಿದರೆ ಬಾತಿನ ಬಂಧುವೆನ್ನಬೇಕು. ನಡುವೆ ಮುರಿದು ಬಾಗಿಸಿದಂತಿರುವ ಕೊಕ್ಕಿನ ಅಂಚಿನಲ್ಲಿ, ಬಾತಿನ ಕೊಕ್ಕಿನಲ್ಲಿರುವಂತೆಯೇ, ಸಣ್ಣ ಸಣ್ಣ ಪದರಗಳ ಸಾಲುಗಳಿವೆ. ಅದು ತಲೆಯನ್ನು ಬುಡಮೇಲಾಗಿ ನೀರಿನಲ್ಲಿ ಅದ್ದಿ, ದಪ್ಪನಾದ ನಾಲಗೆಯನ್ನು ಪಿಚಕಾರಿಯ ದಂಡದಂತೆ ಹಿಂದಕ್ಕೂ ಮುಂದಕ್ಕೂ ಆಡಿಸಿ ಕೆಸರುನೀರನ್ನು ಒಳಗೆಳೆದು ಹೊರದಬ್ಬುತ್ತದೆ. ಆಗ ಈ ಪದರಗಳು ಜರಡಿಯಾಗಿ ಸಣ್ಣ ಜೀವಿಗಳನ್ನೂ ಪಾಚಿಯನ್ನೂ ಹಿಡಿದಿಡುತ್ತವೆ. ಹಾರುವಾಗ ಅದು ಕೂಗುವ ಕೂಗು ಹೆಬ್ಬಾತಿನ ಕೂಗನ್ನು ಹೋಲುತ್ತದೆ. ಮರಿಗಳು ತುಪ್ಪುಳ ಹೊದ್ದೇ ಮೊಟ್ಟೆಯಿಂದ ಹೊರಬಂದು ಕೆಲವು ದಿನಗಳಲ್ಲಿ ಗೂಡು ಬಿಟ್ಟು ನಡೆಯುತ್ತವೆ, ಈಜುತ್ತವೆ. ಕೊಕ್ಕರೆಯ ಮರಿಗಳಂತೆ ವಾರಗಟ್ಟಲೆ ಗೂಡಿನಲ್ಲಿ ಬಿದ್ದಿರುವುದಿಲ್ಲ. ಗೂಡು ಮಾತ್ರ ಬಾತಿನಂತೆಯೂ ಇಲ್ಲ, ಕೊಕ್ಕರೆಯಂತೆಯೂ ಇಲ್ಲ: ಕೆಸರಿನಿಂದ ಕಟ್ಟಿದ ಮೊಟಕು ದಿಬ್ಬ, ಅದರ ಮೇಲೆ ಸಾಮಾನ್ಯವಾಗಿ ಒಂದೇ ಮೊಟ್ಟೆ. ಕಚ್ಛದ ಮಹಾರಣದಲ್ಲಿ ಇಂತಹ ದಿಬ್ಬಗಳ ಒಂದು ನಗರವೇ ಇರುವುದನ್ನು ೧೯೪೫ರಲ್ಲಿ ಸಲೀಂ ಅಲಿಯವರು ಅಲ್ಲಿಗೆ ಹೋಗಿ ನೋಡಿ ವರ್ಣಿಸಿದ್ದಾರೆ.

ಹಳೆಯ ವಿದ್ವಾಂಸರಿಗೆ ಇದು ತೊಡಕಾಗಿ ತೋರಲಿಲ್ಲ; ಏಕೆಂದರೆ ಅವರು ಬಂಧುತ್ವವನ್ನು ಹುಡುಕುತ್ತಿರಲಿಲ್ಲ. ವಿಲಬಿ ಮತ್ತು ರೇ ಎಂಬ ಇಂಗ್ಲೆಂಡಿನ ಸ್ನೇಹಿತರ ಪಕ್ಷಿಗ್ರಂಥವು, ವಿಲಬಿಯ ಮರಣಾನಂತರ, ೧೬೭೬ರಲ್ಲಿ ಲ್ಯಾಟಿನ್ನಿನಲ್ಲಿ ಹೊರಬಂದಿತು. ಅದರಲ್ಲಿ ಪಕ್ಷಿಗಳನ್ನು ಮೊದಲು ನೆಲದವು, ನೀರಿನವು ಎಂದು ಒಡೆದು, ಬಳಿಕ ಕೊಕ್ಕು ಮತ್ತು ಪಾದಗಳ ಆಕಾರದಿಂದ ವಿಂಗಡಿಸಿದೆ. ಕೈಯಲ್ಲಿ ಹಿಡಿದ ಪಕ್ಷಿಗೆ ಹೆಸರು ಹೇಳಲು ಅಷ್ಟು ಸಾಕು. ಲಿನೇಯಸನು ೧೭೫೮ರಲ್ಲಿ ಪ್ರಕಟಿಸಿದ ತನ್ನ ಪ್ರಕೃತಿವ್ಯವಸ್ಥೆಯ ಹತ್ತನೆಯ ಆವೃತ್ತಿಯಲ್ಲಿ, ಆಗ ತನಗೆ ತಿಳಿದಿದ್ದ ಐನೂರೈವತ್ತಕ್ಕೂ ಮಿಕ್ಕ ಪ್ರಭೇದಗಳನ್ನು ಕೇವಲ ಆರು ಗಣಗಳಲ್ಲಿ ಅಡಗಿಸಿದನು. ರಾಜಹಂಸವು ಕೊಕ್ಕರೆ, ಬಕ, ಟಿಟ್ಟಿಭಗಳೊಡನೆ 'ಗ್ರಾಲೆ' ಎಂಬ ನೀಳಗಾಲಿನವರ ಗಣಕ್ಕೆ ಹೋಯಿತು. ಇನ್ನೊಂದು ಪಕ್ಷಿಯನ್ನೂ ಇಲ್ಲಿಯೇ ಗುರುತಿಸಿಡುವುದು ಒಳ್ಳೆಯದು. ನಮ್ಮ ಕೆರೆಗಳಲ್ಲೆಲ್ಲ ಕಾಣುವ, ಕಣ್ಣೆದುರಿಗೇ ಮುಳುಗಿ ಎಲ್ಲಿಯೋ ಏಳುವ ಗುಳುಮುಳುಕವು ಗ್ರೀಬ್ ಎಂಬ ಕುಟುಂಬಕ್ಕೆ ಸೇರಿದ್ದು. ಈ ಕುಟುಂಬವನ್ನು ಲಿನೇಯಸನು ಬಾತುಗಳಿದ್ದ 'ಆನ್ಸೆರೀಸ್' ಗಣದಲ್ಲಿ, ಲೂನ್ ಎಂಬ ಉತ್ತರದೇಶದ ಮುಳುಗುಹಕ್ಕಿಗಳೊಡನೆ ಒಂದೇ ಕುಲವಾಗಿ ಸೇರಿಸಿದನು. ಒಂದು ನೀರಿನಲ್ಲಿ ನಿಲ್ಲುವುದು, ಇನ್ನೊಂದು ನೀರಿನಲ್ಲಿ ಮುಳುಗುವುದು. ಒಂದರ ಕಾಲು ಗಳುವಿನಂತೆ, ಇನ್ನೊಂದರ ಕಾಲು ಮೈಯ ಹಿಂತುದಿಗೆ ಹಚ್ಚಿದ ಹುಟ್ಟಿನಂತೆ. ಇವೆರಡನ್ನೂ ಒಂದೇ ಎಡೆಯಲ್ಲಿ ಇರಿಸುವ ಆಲೋಚನೆ ಆ ಕಾಲದಲ್ಲಿ ಯಾರಿಗೂ ಬರುವಂತಿರಲಿಲ್ಲ.

೧೮೫೯ರಲ್ಲಿ ಡಾರ್ವಿನ್ನನ ಗ್ರಂಥವು ಪ್ರಕಟವಾದ ಮೇಲೆ ಪ್ರಶ್ನೆಯ ಸ್ವರೂಪವೇ ಬದಲಾಯಿತು. ವರ್ಗೀಕರಣವೆಂದರೆ ವಂಶಾವಳಿ ಎಂದು ಅವನು ಹೇಳಿದನು. ಎರಡು ಪಕ್ಷಿಗಳು ಒಂದು ಗಣಕ್ಕೆ ಸೇರುವುದು ಅವು ಹೋಲುವುದರಿಂದಲ್ಲ, ಒಂದೇ ಪೂರ್ವಜದಿಂದ ಬಂದುದರಿಂದ. ಹೋಲಿಕೆಯು ಅದಕ್ಕೆ ಕುರುಹು ಮಾತ್ರ, ಅದೂ ಕೆಲವೊಮ್ಮೆ ಮೋಸ ಮಾಡುವ ಕುರುಹು. ಈ ತತ್ವವನ್ನು ಒಪ್ಪುವುದು ಸುಲಭವಾಯಿತು; ಯಾವ ಹೋಲಿಕೆಯು ವಂಶದ್ದು, ಯಾವುದು ಬದುಕುವ ರೀತಿಯದು ಎಂದು ಬೇರ್ಪಡಿಸುವ ಉಪಾಯವು ಮಾತ್ರ ದೊರೆಯಲಿಲ್ಲ. ಆ ಕಾಲದ ಶಾಸ್ತ್ರಜ್ಞರು ಬದುಕಿನ ರೀತಿಗೆ ಸುಲಭವಾಗಿ ಬಗ್ಗದ ಅಂಗವೊಂದನ್ನು ಹುಡುಕತೊಡಗಿದರು. ಹೊರಗಿನ ಕೊಕ್ಕು ಕಾಲುಗಳು ಬಗ್ಗುತ್ತವೆ. ಒಳಗಿನ ಎಲುಬು ಬಗ್ಗಲಾರದು ಎಂಬುದು ಅವರ ನಿರೀಕ್ಷೆ.

ಹಕ್ಸ್ಲಿಯು ಆರಿಸಿಕೊಂಡುದು ಅಂಗುಳಿನ ಎಲುಬುಗಳನ್ನು. ೧೮೬೭ರಲ್ಲಿ ಲಂಡನ್ನಿನ ಪ್ರಾಣಿಶಾಸ್ತ್ರ ಸಂಘದ ಮುಂದಿಟ್ಟ ಪ್ರಬಂಧದಲ್ಲಿ ಅವನು ಪಕ್ಷಿಗಳ ಅಂಗುಳಿನಲ್ಲಿ ನಾಲ್ಕು ಮಾದರಿಗಳನ್ನು ತೋರಿಸಿ, ಅವುಗಳ ಆಧಾರದ ಮೇಲೆ ಇಡೀ ಪಕ್ಷಿವರ್ಗವನ್ನು ಹೊಸದಾಗಿ ಜೋಡಿಸಿದನು. ಅಲ್ಲಿಯವರೆಗಿನ ವರ್ಗೀಕರಣಗಳಿಗೆ ಹೋಲಿಸಿದರೆ ಅದೊಂದು ದೊಡ್ಡ ಹೆಜ್ಜೆಯೆಂಬುದರಲ್ಲಿ ಸಂದೇಹವಿಲ್ಲ. ಆದರೆ ರಾಜಹಂಸದ ಎದುರಿನಲ್ಲಿ ಈ ಅಳತೆಗೋಲು ಸೋತಿತು. ಮೇಲ್ದವಡೆಯ ಎರಡು ಎಲುಬುಗಳು ಅಂಗುಳಿನ ನಡುವೆ ಕೂಡಿಕೊಂಡಿರುವ ಮಾದರಿಯು ಬಾತುಗಳಲ್ಲಿಯೂ ಇದೆ, ಕೊಕ್ಕರೆಗಳಲ್ಲಿಯೂ ಇದೆ, ರಾಜಹಂಸದಲ್ಲಿಯೂ ಇದೆ. ಹಕ್ಸ್ಲಿಯು ಅದನ್ನು ಇತ್ತ ಬಾತುಗಳಿಗೂ ಸೇರಿಸದೆ, ಅತ್ತ ಕೊಕ್ಕರೆಗಳಿಗೂ ಸೇರಿಸದೆ, ಎರಡರ ನಡುವೆ ಅದೊಂದಕ್ಕಾಗಿಯೇ 'ಆಂಫಿಮಾರ್ಫೆ', ಎಂದರೆ ಉಭಯರೂಪಿಗಳು, ಎಂಬ ಗುಂಪನ್ನು ಮಾಡಿದನು. ಇದನ್ನು ಕೆಲವರು ಪ್ರಶ್ನೆಯಿಂದ ನುಣುಚಿಕೊಂಡ ಉಪಾಯವೆಂದಿರಬಹುದು. ನಮಗೆ ಹಾಗೆ ತೋರುವುದಿಲ್ಲ. ಸಾಕ್ಷ್ಯವು ಎಷ್ಟನ್ನು ಹೇಳಿತೋ ಅಷ್ಟನ್ನೇ ಬರೆದುದು ಅವನ ಪ್ರಾಮಾಣಿಕತೆ. ಆದರೂ ಅದರಿಂದ ಒಂದು ಅನರ್ಥವಾಯಿತು: ಬಾತೋ ಕೊಕ್ಕರೆಯೋ ಎಂಬ ಎರಡೇ ಉತ್ತರಗಳು ಸಾಧ್ಯವೆಂಬ ನಂಬಿಕೆ ಅಲ್ಲಿಂದ ಮುಂದಕ್ಕೆ ಬಲವಾಗಿ ಬೇರೂರಿತು.

ಜರ್ಮನಿಯ ಫ್ಯೂರ್ಬ್ರಿಂಗರನು ೧೮೮೮ರಲ್ಲಿ ಎದೆ, ಹೆಗಲುಗಳ ಸ್ನಾಯು ಮತ್ತು ನರಗಳನ್ನು ಕುರಿತು ಎರಡು ಭಾರಿ ಸಂಪುಟಗಳನ್ನು ಹೊರತಂದನು. ಒಂದು ಅಂಗವನ್ನು ನಂಬುವುದಕ್ಕಿಂತ ಅನೇಕ ಅಂಗಗಳ ಸಾಕ್ಷ್ಯವನ್ನು ಕೂಡಿಸುವುದು ಲೇಸೆಂಬುದು ಅವನ ನಿಲುವು. ಅವನು ಬರೆದ ವಂಶವೃಕ್ಷದ ಚಿತ್ರಗಳು ಇಂದಿಗೂ ನೋಡತಕ್ಕವು: ಮರವನ್ನು ಪಾರ್ಶ್ವದಿಂದ ತೋರಿಸಿದ್ದಲ್ಲದೆ, ಬೇರೆ ಬೇರೆ ಎತ್ತರಗಳಲ್ಲಿ ಅಡ್ಡಲಾಗಿ ಕತ್ತರಿಸಿದರೆ ಕೊಂಬೆಗಳು ಹೇಗೆ ಕಾಣುವುವೆಂಬುದನ್ನೂ ಬಿಡಿಸಿದ್ದಾನೆ. ಅವನ ಕೆಲಸವನ್ನು ಬಹುಮಟ್ಟಿಗೆ ಆಧರಿಸಿ ಗ್ಯಾಡೋ ಎಂಬವನು ೧೮೯೩ರಲ್ಲಿ ಮುಗಿಸಿದ ವರ್ಗೀಕರಣವು ರಾಜಹಂಸವನ್ನು ಕೊಕ್ಕರೆಗಳ ಗಣದಲ್ಲಿ ಇರಿಸಿತು. ಅಮೆರಿಕೆಯ ವೆಟ್ಮೋರನು ೧೯೩೦ರಲ್ಲಿ ಪ್ರಕಟಿಸಿ ೧೯೬೦ರವರೆಗೆ ಮತ್ತೆ ಮತ್ತೆ ತಿದ್ದಿದ ಪಟ್ಟಿಯಲ್ಲಿಯೂ ಅದರ ಸ್ಥಾನ ಅಲ್ಲಿಯೇ. ನಮ್ಮ ಕಾಲೇಜುಗಳಲ್ಲಿ ಬಹುಕಾಲ ಬೋಧಿಸಿದ ಅನುಕ್ರಮವು ಇದೇ ಸಂಪ್ರದಾಯದ್ದು. ಸಲೀಂ ಅಲಿ ಮತ್ತು ರಿಪ್ಲಿಯವರ ಹತ್ತು ಸಂಪುಟಗಳ ಕೈಪಿಡಿಯ ಮೊದಲ ಸಂಪುಟವು ೧೯೬೮ರಲ್ಲಿ ಬಂದಾಗ, ಅದರ ವ್ಯಾಪ್ತಿಯನ್ನು ಮುಳುಗುಹಕ್ಕಿಗಳಿಂದ ಗಿಡುಗಗಳವರೆಗೆ ಎಂದು ಸೂಚಿಸಲಾಗಿತ್ತು. ಮುಳುಗುವ ಪಕ್ಷಿಗಳು ಪ್ರಾಚೀನವಾದುವು, ಆದುದರಿಂದ ಪಟ್ಟಿಯ ತಲೆಯಲ್ಲಿ ಬರತಕ್ಕವು ಎಂಬ ಹಳೆಯ ಭಾವನೆಯು ಆ ಅನುಕ್ರಮದ ಹಿಂದೆ ಇದೆ.

ಬಾತಿನ ಪಕ್ಷದವರಿಗೆ ೧೯೪೨ರಲ್ಲಿ ಅನಿರೀಕ್ಷಿತವಾದ ಬೆಂಬಲ ದೊರೆಯಿತು. ಹಾಪ್ಕಿನ್ಸ್ ಎಂಬ ಕೀಟಶಾಸ್ತ್ರಜ್ಞನು ಪಕ್ಷಿಗಳ ಗರಿಗಳಲ್ಲಿ ವಾಸಿಸುವ ಹೇನುಗಳನ್ನು ಸಾಕ್ಷಿಗೆ ಕರೆದನು. ಗರಿಹೇನಿಗೆ ರೆಕ್ಕೆಯಿಲ್ಲ, ಬಹುಪಾಲು ಅದು ತಾಯಿತಂದೆಗಳಿಂದ ಮರಿಗೆ ದಾಟುತ್ತ, ಒಂದೇ ಬಗೆಯ ಪಕ್ಷಿಗೆ ಅಂಟಿಕೊಂಡು ತಲೆಮಾರುಗಳನ್ನು ಕಳೆಯುತ್ತದೆ. ಪಕ್ಷಿಯ ವಂಶವು ಎರಡಾಗಿ ಕವಲೊಡೆದರೆ ಹೇನಿನ ವಂಶವೂ ಅದರೊಡನೆ ಕವಲೊಡೆಯುವುದೆಂದು ಊಹಿಸಬಹುದು. ರಾಜಹಂಸದ ಮೈಮೇಲಿನ ಹೇನುಗಳು ಬಾತುಗಳ ಮೈಮೇಲೆ ಕಾಣುವ ಕುಲಗಳಿಗೇ ಸೇರಿದ್ದುವು. ಕೊಕ್ಕರೆಯ ಹೇನುಗಳು ಬೇರೆ. ವಾದವು ಚತುರವಾದುದು. ಹೇನುಗಳಿಗೆ ಪಕ್ಷಿಶಾಸ್ತ್ರಜ್ಞರ ಪೂರ್ವಗ್ರಹಗಳಿಲ್ಲ ಎಂಬ ಅನುಕೂಲವೂ ಅದಕ್ಕಿತ್ತು. ಆದರೆ ಹೇನು ಒಂದು ಪಕ್ಷಿಯಿಂದ ಸಂಬಂಧವಿಲ್ಲದ ಇನ್ನೊಂದಕ್ಕೆ ದಾಟಬಲ್ಲುದು. ಒಂದೇ ಕೆಸರಿನಲ್ಲಿ ಮೇಯುವ ಬಾತಿಗೂ ರಾಜಹಂಸಕ್ಕೂ ಅಂತಹ ಅವಕಾಶ ಇಲ್ಲದಿರಲಿಲ್ಲ. ಹೀಗಾಗಿ ಆ ಸಾಕ್ಷ್ಯವನ್ನು ಕೊಕ್ಕರೆಯ ಪಕ್ಷದವರು ಒಪ್ಪಲಿಲ್ಲ.

ಇತ್ತ ಗುಳುಮುಳುಕದ ಬಂಧುಗಳ ಕಡೆಯಲ್ಲಿಯೂ ಒಂದು ಬದಲಾವಣೆ ನಡೆದಿತ್ತು. ಸ್ಟೋಲ್ಪೆ ಎಂಬ ಜರ್ಮನ್ ವಿದ್ವಾಂಸನು ೧೯೩೫ರಲ್ಲಿ ಗ್ರೀಬ್ ಮತ್ತು ಲೂನ್‌ಗಳ ಹಿಂಗಾಲನ್ನು ಎಲುಬೆಲುಬಾಗಿ ಹೋಲಿಸಿ, ಅವುಗಳ ಸಾಮ್ಯವು ಮುಳುಗಿ ಈಜುವ ವೃತ್ತಿಯಿಂದ ಬಂದುದೇ ಹೊರತು ವಂಶದಿಂದ ಬಂದುದಲ್ಲವೆಂದು ತೋರಿಸಿದನು. ಇದರಿಂದ ಲಿನೇಯಸನ ಕಾಲದ ಜೊತೆಯು ಮುರಿಯಿತು. ಗ್ರೀಬ್‌ಗಳು ಒಂದು ಗಣವಾಗಿ ಪಟ್ಟಿಯಲ್ಲಿ ಉಳಿದುವು, ಆದರೆ ಹತ್ತಿರದ ನಂಟರಿಲ್ಲದೆ. ೧೯೫೯ರಲ್ಲಿ ಸ್ಟ್ರೇಜಮನ್ನನು ಪಕ್ಷಿವರ್ಗೀಕರಣದ ಸ್ಥಿತಿಯನ್ನು ವಿಮರ್ಶಿಸಿ ಬರೆದ ಲೇಖನದಲ್ಲಿ, ಗಣಗಳ ಪರಸ್ಪರ ಸಂಬಂಧವನ್ನು ತಿಳಿಯುವ ವಿಷಯದಲ್ಲಿ ಬಹುಮಟ್ಟಿಗೆ ನಿರಾಶೆಯನ್ನೇ ಸೂಚಿಸಿದನು. ತನ್ನ ಕಾಲದ ಅತಿಶ್ರೇಷ್ಠ ಪಕ್ಷಿಶಾಸ್ತ್ರಜ್ಞರಲ್ಲಿ ಒಬ್ಬನೆನಿಸಿದವನು ನೂರು ವರ್ಷಗಳ ಅಂಗರಚನಾಶೋಧನೆಯ ಬಳಿಕ ಹೀಗೆಂದುದು ಗಮನಾರ್ಹ. ಸಾಮಗ್ರಿಗೆ ಕೊರತೆಯಿರಲಿಲ್ಲ. ಎರಡು ಪಕ್ಷಿಗಳಿಗೆ ಸಮಾನವಾದ ಲಕ್ಷಣಗಳಲ್ಲಿ, ದೂರದ ಪೂರ್ವಜದಿಂದ ಎಲ್ಲರಿಗೂ ಬಂದುದು ಬಂಧುತ್ವಕ್ಕೆ ಸಾಕ್ಷಿಯಲ್ಲ, ಆ ಎರಡಕ್ಕೆ ಮಾತ್ರ ಹೊಸದಾಗಿ ಬಂದುದೇ ಸಾಕ್ಷಿ ಎಂಬ ಸೂಕ್ಷ್ಮವನ್ನು ಹೆನ್ನಿಗನು ೧೯೫೦ರಲ್ಲಿಯೇ ಜರ್ಮನ್ ಭಾಷೆಯಲ್ಲಿ ನಿರೂಪಿಸಿದ್ದನು. ಅದು ಪಕ್ಷಿಶಾಸ್ತ್ರದೊಳಕ್ಕೆ ಬರಲು ಇನ್ನೂ ಇಪ್ಪತ್ತು ವರ್ಷ ಹಿಡಿಯಿತು.

ಬಂದ ಮೇಲೂ ಎಲ್ಲವೂ ನೆಟ್ಟಗಾಗಲಿಲ್ಲ. ಹೆನ್ನಿಗನ ಪದ್ಧತಿಯನ್ನೇ ಅನುಸರಿಸಿ ಕ್ರೇಕ್ರಾಫ್ಟ್ ಎಂಬವರು ೧೯೮೨ರಲ್ಲಿ ಗ್ರೀಬ್ ಮತ್ತು ಲೂನ್‌ಗಳನ್ನು ಪುನಃ ಜೊತೆಗೂಡಿಸಿದರು. ರಾಜಹಂಸದ ವಿಷಯದಲ್ಲಿ ಮೂರನೆಯ ಪಕ್ಷವೊಂದು ಹುಟ್ಟಿತು. ಅಮೆರಿಕೆಯ ವಯೋಮಿಂಗ್ ಮೊದಲಾದೆಡೆಗಳ ಸುಮಾರು ಐದು ಕೋಟಿ ವರ್ಷಗಳ ಹಿಂದಿನ ಶಿಲೆಗಳಲ್ಲಿ ದೊರೆತ ಪ್ರೆಸ್ಬಿಯೋರ್ನಿಸ್ ಎಂಬ ನೀಳಗಾಲಿನ ಪಕ್ಷಿಯ ಅವಶೇಷಗಳನ್ನು ನೋಡಿ, ಫೆಡೂಚಿಯಾ ಮತ್ತು ಓಲ್ಸನ್ನರು ರಾಜಹಂಸವು ತೀರದ ಹಕ್ಕಿಗಳಿಂದ ಹುಟ್ಟಿದುದೆಂದು ೧೯೮೦ರಲ್ಲಿ ವಾದಿಸಿದರು. ನಮ್ಮ ಮೆಟ್ಟುಗಾಲು ಹಕ್ಕಿಯ ನಂಟನಾದ ಆಸ್ಟ್ರೇಲಿಯದ ಒಂದು ಪಕ್ಷಿಯನ್ನು ಅವರು ಜೀವಂತ ಸಾಕ್ಷಿಯಾಗಿ ತೋರಿಸಿದರು. ಪ್ರೆಸ್ಬಿಯೋರ್ನಿಸ್ ನೀಳಗಾಲಿನ ಬಾತೆಂದು ಬಳಿಕ ಗೊತ್ತಾಯಿತು. ವಾದದ ಮುಖ್ಯ ಆಧಾರವೇ ಕುಸಿಯಿತು.

ಇಷ್ಟರಲ್ಲಿ ಶೋಧನೆಯು ಎಲುಬನ್ನು ಬಿಟ್ಟು ರಸಾಯನಕ್ಕೆ ಹೊರಳಿತ್ತು. ಸಿಬ್ಲಿ ಎಂಬ ಅಮೆರಿಕನ್ ವಿದ್ವಾಂಸರು ಮೊಟ್ಟೆಯ ಬಿಳಿಯ ಲೋಳೆಯಲ್ಲಿರುವ ಪ್ರೋಟೀನುಗಳನ್ನು ವಿದ್ಯುತ್ತಿನಿಂದ ಬೇರ್ಪಡಿಸಿ ಹೋಲಿಸುವ ಕೆಲಸವನ್ನು ಆರಂಭಿಸಿದರು. ರಾಜಹಂಸವನ್ನು ಕುರಿತು ಅವರೂ ಅವರ ಸಹಾಯಕರೂ ೧೯೬೯ರಲ್ಲಿ ಬರೆದ ಪ್ರಬಂಧವು ಬಕ ಕೊಕ್ಕರೆಗಳ ಕಡೆಗೆ ವಾಲಿತು. ಬಾತಿನ ನಂಟನ್ನು ಪೂರ್ತಿಯಾಗಿ ತಳ್ಳಿಹಾಕಲಿಲ್ಲ. ಅನಂತರ ಆಲ್ಕ್ವಿಸ್ಟರೊಡನೆ ಅವರು ಡಿ. ಎನ್. ಎ. ಎಂಬ ಆನುವಂಶಿಕ ದ್ರವ್ಯವನ್ನೇ ಹಿಡಿದರು. ಅದರ ಎರಡು ಎಳೆಗಳನ್ನು ಬಿಸಿಮಾಡಿ ಬಿಡಿಸಿ, ಒಂದು ಪಕ್ಷಿಯ ಎಳೆಯನ್ನು ಇನ್ನೊಂದರ ಎಳೆಯೊಡನೆ ಕೂಡಿಸಿ, ಆ ಮಿಶ್ರಜೋಡಿಯು ಎಷ್ಟು ಶಾಖಕ್ಕೆ ಬಿಟ್ಟುಕೊಳ್ಳುವುದೆಂದು ಅಳೆಯುವುದು ಅವರ ಕ್ರಮ. ಹತ್ತಿರದ ಬಂಧುಗಳ ಎಳೆಗಳು ಬಿಗಿಯಾಗಿ ಹಿಡಿದಿರುತ್ತವೆ. ದೂರದವು ಬೇಗ ಕಳಚುತ್ತವೆ. ಸುಮಾರು ೧೭೦೦ ಪ್ರಭೇದಗಳನ್ನು ಹೀಗೆ ಪರೀಕ್ಷಿಸಿ ೧೯೯೦ರಲ್ಲಿ ಅವರು ಪ್ರಕಟಿಸಿದ ಬೃಹದ್ಗ್ರಂಥವು ಪಕ್ಷಿಶಾಸ್ತ್ರದಲ್ಲಿ ಕೋಲಾಹಲವನ್ನೇ ಎಬ್ಬಿಸಿತು. ಅಳತೆಗಳನ್ನು ತಿದ್ದಿದ ರೀತಿಯನ್ನೂ ಗಣಿತವನ್ನೂ ಅನೇಕರು ಆಕ್ಷೇಪಿಸಿದರು, ಆಕ್ಷೇಪಣೆಗಳಲ್ಲಿ ಹುರುಳಿತ್ತು. ಆದರೂ ಬಾತುಗಳು ಕೋಳಿಗಳ ಬಂಧುಗಳೆಂಬ ಅವರ ನಿರ್ಣಯವು ನಿಂತಿತು. ಅಲ್ಲಿಗೆ ರಾಜಹಂಸವು ಬಾತೆಂಬ ಪಕ್ಷವು ಬಹುಮಟ್ಟಿಗೆ ಮುಗಿಯಿತು. ಕನ್ನಡದಲ್ಲಿ ಬಾತನ್ನು ಬಾತುಕೋಳಿ ಎನ್ನುವುದನ್ನು ಇಲ್ಲಿ ನೆನೆದು ಹಿಗ್ಗುವುದು ಸಹಜವೇ ಸರಿ. ಆದರೆ ಕೋಳಿಗೆ ಯಾವ ನಂಟೂ ಇಲ್ಲದ ಪಕ್ಷಿಗಳನ್ನು ನೀರುಕೋಳಿ ಎನ್ನುವುದೂ ನಾವೇ. ರಾಜಹಂಸವಾದರೋ ಸಿಬ್ಲಿಯವರ ವೃಕ್ಷದಲ್ಲಿಯೂ ಕೊಕ್ಕರೆ, ಕೆಂಬರಲುಗಳ ನೆರೆಯಲ್ಲಿಯೇ ಉಳಿಯಿತು.

೨೦೦೧ರಲ್ಲಿ ವಾನ್ ಟ್ಯೂಯಿನೆನ್ ಮತ್ತು ಸಂಗಡಿಗರು ನೀರುಪಕ್ಷಿಗಳ ಡಿ. ಎನ್. ಎ. ಅಕ್ಷರಕ್ರಮವನ್ನು ಓದಿ, ಎಳೆಗಳನ್ನು ಕೂಡಿಸುವ ಹಳೆಯ ಪರೀಕ್ಷೆಯನ್ನೂ ಮಾಡಿ ನೋಡಿದರು. ಎರಡರಿಂದಲೂ ಬಂದ ಉತ್ತರವು ಒಂದೇ: ರಾಜಹಂಸದ ಅತಿ ಹತ್ತಿರದ ಬಂಧು ಗ್ರೀಬ್. ಬಾತಲ್ಲ, ಕೊಕ್ಕರೆಯಲ್ಲ, ತೀರದ ಹಕ್ಕಿಯೂ ಅಲ್ಲ, ಕೆರೆಯ ಗುಳುಮುಳುಕ. ನೂರೈವತ್ತು ವರ್ಷ ವಾದಿಸಿದ ಪಕ್ಷಗಳಲ್ಲಿ ಯಾವುದೊಂದೂ ಈ ಹೆಸರನ್ನು ಮುಂದಿಟ್ಟು ಹೋರಾಡಿರಲಿಲ್ಲ. ಸಹಜವಾಗಿಯೇ ಅನೇಕರು ನಂಬಲಿಲ್ಲ. ಆದರೆ ಬೇರೆ ಬೇರೆ ವಂಶವಾಹಿಗಳನ್ನು ಹಿಡಿದು ಬೇರೆ ಬೇರೆ ಪ್ರಯೋಗಶಾಲೆಗಳಲ್ಲಿ ನೋಡಿದಾಗಲೂ ಅದೇ ಫಲ ಬಂದಿತು.

ಆಮೇಲೆ ನಡೆದುದು ನಮ್ಮ ದೃಷ್ಟಿಯಲ್ಲಿ ಈ ಇತಿಹಾಸದ ಅತಿ ಮುಖ್ಯವಾದ ಭಾಗ. ಫ್ರಾಂಕ್‌ಫರ್ಟಿನ ಗೆರಾಲ್ಡ್ ಮೇಯರ್ ಅವರು ಪುನಃ ಎಲುಬುಗಳ ಬಳಿಗೆ ಹೋದರು. ೨೦೦೪ರ ಅವರ ಪ್ರಬಂಧವು ರಾಜಹಂಸ ಮತ್ತು ಗ್ರೀಬ್‌ಗಳ ಅಂಗರಚನೆಯಲ್ಲಿಯೇ ಅನೇಕ ಸಮಾನ ಲಕ್ಷಣಗಳನ್ನು ತೋರಿಸಿತು. ಎರಡರ ರೆಕ್ಕೆಯಲ್ಲಿಯೂ ಹಾರಾಟದ ತುದಿಗರಿಗಳು ಹತ್ತಲ್ಲ, ಹನ್ನೊಂದು. ಎರಡರ ಮೊಟ್ಟೆಯ ಚಿಪ್ಪಿನ ಮೇಲೂ ಕ್ಯಾಲ್ಸಿಯಂ ಫಾಸ್ಫೇಟಿನ ಸುಣ್ಣದಂತಹ ಲೇಪವಿದೆ. ಎರಡರ ಕಾಲುಗುರುಗಳೂ ಚಪ್ಪಟೆ. ಕತ್ತಿನ, ಬೆನ್ನಿನ ಎಲುಬುಗಳಲ್ಲಿಯೂ ಸಾಮ್ಯಗಳಿವೆ. ಇವು ಯಾವುವೂ ಸೂಕ್ಷ್ಮದರ್ಶಕದಿಂದ ಮಾತ್ರ ಕಾಣುವುವಲ್ಲ. ಫ್ಯೂರ್ಬ್ರಿಂಗರನ ಮೇಜಿನ ಮೇಲೆಯೇ ಕಾಣಬಹುದಾಗಿದ್ದುವು. ಹುಡುಕುವುದಕ್ಕೆ ಕಾರಣವಿರಲಿಲ್ಲ, ಆದುದರಿಂದ ಯಾರೂ ಹುಡುಕಲಿಲ್ಲ. ಅದಕ್ಕಿಂತಲೂ ವಿಚಿತ್ರವಾದುದು ಪಲೀಲೋಡಸ್ಸಿನ ಕಥೆ. ಫ್ರಾನ್ಸಿನ ಮಿಲ್ನ್-ಎಡ್ವರ್ಡ್ಸನು ೧೮೬೩ರಷ್ಟು ಹಿಂದೆಯೇ ಈ ಹೆಸರಿಟ್ಟು ವರ್ಣಿಸಿದ ಅವಶೇಷಪಕ್ಷಿಯು ರಾಜಹಂಸದ ಪ್ರಾಚೀನ ಬಂಧುವೆಂದು ಬಹುಕಾಲದಿಂದ ಒಪ್ಪಿತವಾಗಿತ್ತು. ಅದರ ಕಾಲು ನೀರಿನಲ್ಲಿ ನಿಲ್ಲುವುದಕ್ಕಿಂತ ಈಜುವುದಕ್ಕೆ ತಕ್ಕುದಾಗಿ ಪಕ್ಕಗಳಲ್ಲಿ ಒತ್ತಿದಂತಿದೆ. ನಿಲ್ಲುವ ರಾಜಹಂಸಕ್ಕೂ ಮುಳುಗುವ ಗ್ರೀಬಿಗೂ ನಡುವಣ ಕೊಂಡಿಯು ಹಕ್ಸ್ಲಿಯ ಪ್ರಬಂಧಕ್ಕಿಂತ ಮೊದಲೇ ವಸ್ತುಸಂಗ್ರಹಾಲಯದಲ್ಲಿ ಇದ್ದಿತು.

ಈ ಜೋಡಿಗೆ ೨೦೦೫ರಲ್ಲಿ 'ಮಿರಾಂಡೋರ್ನಿತೀಸ್', ಎಂದರೆ ಅಚ್ಚರಿಯ ಪಕ್ಷಿಗಳು, ಎಂದು ಹೆಸರಿಟ್ಟರು. ಹೇನುಗಳ ಸಾಕ್ಷ್ಯವನ್ನೂ ಮರುವಿಚಾರಣೆಗೆ ತೆಗೆದುಕೊಂಡರು. ರಾಜಹಂಸದ ಹೇನಿಗೆ ಗ್ರೀಬಿನ ಹೇನು ಸಮೀಪದ ಬಂಧುವೆಂದು ೨೦೦೬ರ ಒಂದು ಶೋಧನೆಯು ಸೂಚಿಸಿತು. ಬಾತುಗಳಿಗೆ ಆ ಹೇನು ಬಂದುದು ರಾಜಹಂಸದಿಂದಲೇ ಇರಬೇಕು. ಹಾಪ್ಕಿನ್ಸನ ಕುರುಹು ಸುಳ್ಳಾಗಿರಲಿಲ್ಲ. ಓದಿದ ದಿಕ್ಕು ತಿರುಗುಮುರುಗಾಗಿತ್ತು.

ರಾಜಹಂಸಕ್ಕೆ ಜೊತೆ ಸಿಕ್ಕಿದಂತಾಯಿತು. ಆದರೆ ಈ ಜೋಡಿಯು ಪಕ್ಷಿವೃಕ್ಷದಲ್ಲಿ ಎಲ್ಲಿ ನಿಲ್ಲುತ್ತದೆ ಎಂಬ ಪ್ರಶ್ನೆಯು ಹಾಗೆಯೇ ಉಳಿಯಿತು. ೨೦೦೮ರಲ್ಲಿ ೧೬೯ ಪ್ರಭೇದಗಳ ಹತ್ತೊಂಬತ್ತು ವಂಶವಾಹಿಗಳನ್ನು ಓದಿದ ಶೋಧನೆಯು ಜೋಡಿಯನ್ನು ದೃಢಪಡಿಸಿತು. ಡೇಗೆಯು ಹದ್ದಿಗಿಂತ ಗಿಳಿಗೂ ಗುಬ್ಬಿಗೂ ಹತ್ತಿರವೆಂಬ ಸೋಜಿಗವು ಪ್ರಸಿದ್ಧವಾದುದೂ ಅದರಿಂದಲೇ. ೨೦೧೪ರಲ್ಲಿ ೪೮ ಪಕ್ಷಿಗಳ ಸಮಗ್ರ ಜೀನೋಮುಗಳನ್ನು ಓದಿದವರು ಈ ಜೋಡಿಯನ್ನು ಪಾರಿವಾಳಗಳ ಪಕ್ಕದಲ್ಲಿ ಇರಿಸಿದರು. ಪಾರಿವಾಳವೂ ರಾಜಹಂಸವೂ ಮರಿಗಳಿಗೆ ತಮ್ಮ ಅನ್ನನಾಳದಲ್ಲಿ ಒಸರುವ ಹಾಲಿನಂತಹ ದ್ರವವನ್ನು ಉಣಿಸುತ್ತವೆ. ಆ ಸಾಮ್ಯವು ಈಗ ಅರ್ಥವಾಯಿತೆಂದು ಯಾರಿಗಾದರೂ ತೋರಬಹುದಾಗಿತ್ತು. ಮರುವರ್ಷವೇ ೧೯೮ ಪ್ರಭೇದಗಳನ್ನು ಪರೀಕ್ಷಿಸಿದ ಇನ್ನೊಂದು ತಂಡವು ಜೋಡಿಯನ್ನು ತೀರದ ಹಕ್ಕಿಗಳ ಪಕ್ಕಕ್ಕೆ ಸರಿಸಿತು. ೨೦೨೪ರಲ್ಲಿ ೩೬೩ ಜೀನೋಮುಗಳ ಆಧಾರದ ಮೇಲೆ ಬಂದ ವೃಕ್ಷದಲ್ಲಿ ಅದು ಎರಡರ ಪಕ್ಕದಲ್ಲಿಯೂ ಇಲ್ಲ. ಉಷ್ಟ್ರಪಕ್ಷಿ ಮತ್ತು ಅದರ ಬಂಧುಗಳು, ಕೋಳಿಗಳು, ಬಾತುಗಳು ಇವನ್ನು ಬಿಟ್ಟು ಉಳಿದ ಪಕ್ಷಿಗಳೆಲ್ಲ ಸೇರಿ ಆಗಿರುವ ದೊಡ್ಡ ಕೊಂಬೆಯಿಂದ ಮೊದಲು ಬೇರ್ಪಟ್ಟ ಕವಲೇ ರಾಜಹಂಸ ಮತ್ತು ಗ್ರೀಬ್‌ಗಳದು.

ಪಾರಿವಾಳದ ನಂಟು ಏಕೆ ಕಾಣಿಸಿಕೊಂಡಿತೆಂಬುದಕ್ಕೆ ಆ ವರ್ಷವೇ ಒಂದು ವಿವರಣೆ ಹೊರಬಂದಿತು. ಒಂದು ವರ್ಣತಂತುವಿನ ಸುಮಾರು ಎರಡು ಕೋಟಿ ಹತ್ತು ಲಕ್ಷ ಅಕ್ಷರಗಳ ಭಾಗದಲ್ಲಿ, ತಾಯಿಯ ಮತ್ತು ತಂದೆಯ ಅಂಶಗಳು ತಲೆಮಾರುಗಳ ನಡುವೆ ಬೆರೆಯುವ ಕ್ರಿಯೆಯು ಬಹು ಹಿಂದೆ, ಈ ಕವಲುಗಳು ಒಡೆಯುತ್ತಿದ್ದ ಕಾಲದಲ್ಲಿ, ತಡೆಹಿಡಿಯಲ್ಪಟ್ಟಿತ್ತು. ಬೇರೆಡೆಗಳಲ್ಲಿ ಅಕ್ಷರಗಳು ಕಲಸಿಹೋಗಿ ಅಸ್ಪಷ್ಟವಾಗಿ ಮಾತಾಡಿದರೆ, ಈ ಭಾಗವು ಒಂದೇ ದನಿಯಲ್ಲಿ ಗಟ್ಟಿಯಾಗಿ ಪಾರಿವಾಳವೆಂದಿತು. ಇಡೀ ಜೀನೋಮಿನಲ್ಲಿ ಅದರ ಪಾಲು ಸುಮಾರು ಐವತ್ತರಲ್ಲಿ ಒಂದು. ಹಕ್ಸ್ಲಿಯ ಅಂಗುಳಿನೆಲುಬು ಮಾಡಿದುದನ್ನೇ ಈ ತುಣುಕೂ ಮಾಡಿದಂತಾಯಿತು. ಆರೂವರೆ ಕೋಟಿ ವರ್ಷಗಳ ಸುಮಾರಿನಲ್ಲಿ ಈ ಕವಲುಗಳೆಲ್ಲ ಅತಿ ಶೀಘ್ರವಾಗಿ, ಒಂದರ ಬೆನ್ನಿಗೆ ಒಂದರಂತೆ ಒಡೆದುದೇ ಇಷ್ಟು ತೊಡಕಿಗೆ ಕಾರಣ. ಸದ್ಯಕ್ಕೆ ಅಂತರರಾಷ್ಟ್ರೀಯ ಪಟ್ಟಿಗಳಲ್ಲಿ ರಾಜಹಂಸ ಮತ್ತು ಗ್ರೀಬ್‌ಗಳ ಗಣಗಳನ್ನು ಒಂದರ ಪಕ್ಕದಲ್ಲಿ ಒಂದಾಗಿ ಇರಿಸುತ್ತಾರೆ. ಆ ಎರಡೂ ಸೇರಿ ಯಾರ ಪಕ್ಕದಲ್ಲಿರಬೇಕೆಂಬುದು ಪಟ್ಟಿಯಿಂದ ಪಟ್ಟಿಗೆ ಬದಲಾಗುತ್ತಿದೆ.